ಅಪ್ಪ ಜಗಲಿಯ ಮೇಲೆ ಸತ್ತು ಕೂತದ್ದು

ನಮ್ಮಪ್ಪ ಸತ್ತದ್ದನ್ನು ನಾನು ಎಷ್ಟು ಸಲ ನೋಡಿದ್ದೇನೋ ನನಗೇ ನೆನಪಿಲ್ಲ. ಚುನಾವಣೆ ಹತ್ತಿರ ಬಂದಾಗಲೆಲ್ಲ ಹೊಸದುರ್ಗದ ಕಡೆಯ ಯಾರಾದರೊಬ್ಬರು ಆ ತುಣುಕನ್ನು ನನ್ನ ಮೊಬೈಲಿಗೆ ಕಳಿಸುತ್ತಾರೆ. ಶ್ರೀರಾಂಪುರದ ನಮ್ಮ ಮನೆಯ ಜಗಲಿ, ಅದರ ಮೇಲೆ ಗೋಡೆಗೆ ಒರಗಿಸಿ ಕೂರಿಸಿದ ಅಪ್ಪ, ಹಣೆ ತುಂಬ ವಿಭೂತಿ, ಕೊರಳು ತುಂಬ ಸೇವಂತಿಗೆ ಹಾರ, ಸುತ್ತಲೂ ಗೋಳಾಡುವ ಜನ. ಕಳಿಸಿದವರು ಕೆಳಗೆ ನಗುವ ಮುಖಗಳನ್ನು ಸಾಲಾಗಿ ಒತ್ತಿರುತ್ತಾರೆ. ಅಪ್ಪ ಈಗಲೂ ಗಟ್ಟಿಮುಟ್ಟಾಗಿದ್ದಾನೆ. ಅದು ಅವನು ಪಾತ್ರ ಮಾಡಿದ ಒಂದು ಸಿನಿಮಾದ ದೃಶ್ಯ. ಊರವರೆಲ್ಲ ಅವನಿಗೆ ಬಹುವಚನ ಬಳಸುತ್ತಾರೆ, ನಾನು ಬಳಸುವುದಿಲ್ಲ. ಅವನಿಗೆ ಹೊರಗಡೆ ಬೇಕಾದಷ್ಟು ಮರ್ಯಾದೆ ಸಿಕ್ಕಿದೆ, ನನ್ನದೊಂದು ಕಡಿಮೆಯಾದರೆ ಅವನು ಸೊರಗುವುದಿಲ್ಲ.

ಅಪ್ಪನನ್ನು ಎಲ್ಲರೂ ಅಧ್ಯಕ್ಷರು ಎನ್ನುತ್ತಿದ್ದರು. ಯಾವುದೋ ಕಾಲದಲ್ಲಿ ಯಾವುದೋ ಸಂಘಕ್ಕೆ ಅಧ್ಯಕ್ಷನಾಗಿದ್ದನಂತೆ. ಸಂಘ ಮುಚ್ಚಿಹೋಗಿ ಅದರ ಕಟ್ಟಡದಲ್ಲಿ ಯಾರೋ ಹಿಂಡಿ ಚೀಲ ತುಂಬಿಕೊಂಡಿದ್ದರೂ ಅಪ್ಪನ ಅಧ್ಯಕ್ಷಗಿರಿ ಮಾತ್ರ ನಡೆದೇ ಇತ್ತು. ನಮ್ಮ ಮನೆಯ ಪಡಸಾಲೆಯಲ್ಲಿ ಗೋಡೆಗುಂಟ ಕುರ್ಚಿಗಳಿದ್ದವು, ನಡುವೆ ಅಪ್ಪನ ತೋಳಿನ ಕುರ್ಚಿ. ಬೆಳಗಾಗುತ್ತಲೇ ಅಪ್ಪ ಬಂದು ಅದರಲ್ಲಿ ಕೂರುತ್ತಿದ್ದ. ಆಮೇಲೆ ಊಟಕ್ಕೂ ನಿದ್ದೆಗೂ ಬಿಟ್ಟರೆ ಏಳುತ್ತಿರಲಿಲ್ಲ. ಹೊಲದ ಗಡಿ ಜಗಳ, ಮಗನ ವರ್ಗಾವಣೆ, ಮಗಳ ಗಂಡನ ಕುಡಿತ, ಇವನ್ನೆಲ್ಲ ಹೊತ್ತು ಹೊಳಲ್ಕೆರೆಯಿಂದ, ಬಾಗೂರಿನಿಂದ, ಬಿ.ದುರ್ಗದಿಂದ ಜನ ಬರುತ್ತಿದ್ದರು. ಅಪ್ಪ ಎಲ್ಲರಿಗೂ ಒಂದೇ ಉತ್ತರ ಕೊಡುತ್ತಿದ್ದ.

"ಆಯ್ತು ಹೋಗು, ನಾನು ಮಾತಾಡ್ತೀನಿ."

ಯಾರ ಜೊತೆ ಮಾತಾಡುತ್ತಾನೆ ಎಂದು ಯಾರೂ ಕೇಳುತ್ತಿರಲಿಲ್ಲ. ಅವನು ಮಾತಾಡಿದ್ದನ್ನು ನಾನಂತೂ ನೋಡಿಲ್ಲ. ಬಂದವರು ಕಾಲು ಮುಟ್ಟಿ, ಟೀ ಕುಡಿದು, ಕೆಲಸ ಆಗಿಯೇ ಹೋಯಿತು ಎನ್ನುವ ಮುಖ ಹೊತ್ತು ಹೋಗುತ್ತಿದ್ದರು. ಒಂದು ತಿಂಗಳು ಬಿಟ್ಟು ಅದೇ ಕೆಲಸಕ್ಕೆ ಮತ್ತೆ ಬರುತ್ತಿದ್ದರು. ಅಪ್ಪನ ಮೇಲೆ ನನಗಿರುವ ತಾತ್ಸಾರದಲ್ಲಿ ಒಂದು ಪಾಲು ಇವರಿಗೂ ಸಲ್ಲಬೇಕು.

ಪಡಸಾಲೆ ದಾಟಿದರೆ ನಡುಮನೆ, ಅದರ ಮೇಲೆ ಕೊಬ್ಬರಿಗೆಂದು ತೆಂಗಿನಕಾಯಿ ಒಣಗಿಸುವ ಅಟ್ಟ, ಅದರಾಚೆ ಅಡುಗೆಮನೆ. ಅಪ್ಪನ ಅಧ್ಯಕ್ಷಗಿರಿಯನ್ನು ನಿಜವಾಗಿ ಹೊತ್ತಿದ್ದು ಆ ಅಡುಗೆಮನೆ, ಅಂದರೆ ನಮ್ಮವ್ವ. ಒಲೆಯ ಮೇಲೆ ಮುದ್ದೆಯ ಗಡಿಗೆ ಇಳಿದರೆ ಸಾರಿನದು ಏರುತ್ತಿತ್ತು, ಅದು ಇಳಿದರೆ ಟೀ. ಸಂಜೆಯಾದರೆ ಮಂಡಕ್ಕಿ ಒಗ್ಗರಣೆ, ಮೆಣಸಿನಕಾಯಿ ಬಜ್ಜಿ. ಹಿಂಬಾಲಕರು ಉಂಡು ಕೈ ತೊಳೆದ ಮೇಲೆ ನಾವು, ನಾವು ಉಂಡ ಮೇಲೆ ಅವ್ವ. ಅವಳ ಪಾಲಿಗೆ ಗಡಿಗೆಯ ತಳದ ಸೀಕು. ಅದನ್ನು ಕೆರೆದು ಉಣ್ಣುವಾಗಲೂ ಪಡಸಾಲೆಯಿಂದ ಕೂಗು ಬರುತ್ತಿತ್ತು, ಇನ್ನಿಬ್ಬರು ಬಂದಿದ್ದಾರೆ ಎಂದು.

ಅವ್ವನದು ಎನ್ನುವ ಯಾವ ವಸ್ತುವೂ ಆ ಮನೆಯಲ್ಲಿ ಉಳಿಯುತ್ತಿರಲಿಲ್ಲ. ತವರಿನಿಂದ ಬಂದ ತಾಮ್ರದ ಹಂಡೆ ಯಾವುದೋ ಸಮಾವೇಶಕ್ಕೆ ಹೋಗಿ ವಾಪಸ್ಸು ಬರಲಿಲ್ಲ. ಅವಳ ಮದುವೆಯ ಸೀರೆಯನ್ನು ಅಪ್ಪ ಒಂದು ಸಲ ವೇದಿಕೆಗೆ ಪರದೆಯಾಗಿ ಕಟ್ಟಿಸಿದ. ಬಂದ ಮಂತ್ರಿ ಅದಕ್ಕೆ ಬೆನ್ನು ಕೊಟ್ಟು ಅರ್ಧ ದಿನ ಭಾಷಣ ಮಾಡಿದ. ಸೀರೆ ಮೊಳೆಯ ತೂತುಗಳೊಂದಿಗೆ ಮನೆಗೆ ಬಂತು. ಇನ್ನೊಂದು ಸಲ ಅವಳ ಹಾಸಿಗೆಯೇ ಹೋಯಿತು. ಆ ದಿನ ಅವ್ವ ಪಡಸಾಲೆಯ ಬಾಗಿಲಿಗೆ ಬಂದು ನಿಂತು ಕೇಳಿದ್ದು ನನಗೆ ನೆನಪಿದೆ.

"ಅದು ನಮ್ಮವ್ವ ಹೊಲಿಸಿಕೊಟ್ಟ ಹಾಸಿಗೆ ಕಣ್ರಿ. ಅದೊಂದಾದ್ರೂ ಬಿಡಬಾರ್ದಾ?"

"ಮನೆ ಅಂದ್ಮೇಲೆ ಜನದ್ದು. ನಾನೇ ಜನದೋನು, ಇನ್ನು ನಿನ್ನ ಹಾಸಿಗೆ ಯಾವ ಲೆಕ್ಕ?"

ಕೂತಿದ್ದವರು ತಲೆದೂಗಿದರು. ಅಪ್ಪನ ಬಲಗೈಯಂತಿದ್ದ ತಿಪ್ಪೇಶಿ ಚಪ್ಪಾಳೆಯನ್ನೇ ತಟ್ಟಿದ. ಹೆಂಡತಿಯ ಹಾಸಿಗೆ ಕಿತ್ತುಕೊಂಡಿದ್ದಕ್ಕೆ ಚಪ್ಪಾಳೆ ಗಿಟ್ಟಿಸಿದ ಗಂಡಸು ಆ ತಾಲ್ಲೂಕಿನಲ್ಲಿ ಇನ್ನೊಬ್ಬ ಇರಲಾರ.

ಅವ್ವನಿಗೆ ಉಳಿದಿದ್ದು ಒಂದೇ, ಅವಳ ಹಣೆ. ನಡುಮನೆಯ ಕಂಬಕ್ಕೆ ಅಂಗೈಯಗಲದ ಕನ್ನಡಿಯೊಂದನ್ನು ಮೊಳೆ ಹೊಡೆದು ತೂಗುಹಾಕಿದ್ದಳು. ಬೆಳಗಿನ ಸ್ನಾನ ಮುಗಿಸಿ, ಒಲೆ ಹಚ್ಚುವ ಮೊದಲು ಅದರ ಮುಂದೆ ನಿಲ್ಲುತ್ತಿದ್ದಳು. ಮೊದಲು ಮೇಣ ಹಚ್ಚಿ ಬೆರಳಿನಿಂದ ಗುಂಡಗೆ ತೀಡಬೇಕು, ಆಮೇಲೆ ಅದರ ಮೇಲೆ ಕುಂಕುಮ. ಅವಳು ಇಡುತ್ತಿದ್ದದ್ದು ದೊಡ್ಡ ಕುಂಕುಮ, ಅಂಚು ಒಂದಿಷ್ಟೂ ಕದಡದಂತೆ. ಆ ಹೊತ್ತಿನಲ್ಲಿ ಯಾರು ಕರೆದರೂ ಓಗೊಡುತ್ತಿರಲಿಲ್ಲ. ಪಡಸಾಲೆಯಲ್ಲಿ ಅಪ್ಪ ಟೀಗೆ ಎಷ್ಟು ಕೂಗಿದರೂ ಕಂಬದ ಮುಂದೆ ನಿಂತವಳು ಕದಲುತ್ತಿರಲಿಲ್ಲ. ಕುಂಕುಮ ಗಂಡನಿಗಾಗಿ ಎಂದು ಎಲ್ಲ ಹೆಂಗಸರೂ ಹೇಳುತ್ತಿದ್ದರು, ಅವ್ವನೂ ಕೇಳಿದರೆ ಹಾಗೇ ಹೇಳುತ್ತಿದ್ದಳೋ ಏನೋ. ನೋಡುತ್ತಿದ್ದ ನನಗೆ ಮಾತ್ರ ಅದು ಅವಳದೇ ಎನಿಸುತ್ತಿತ್ತು. ಜನದವನು ಅದಕ್ಕೂ ಕೈ ಹಾಕುತ್ತಾನೆ ಎಂದು ನಾವಿಬ್ಬರೂ ಎಣಿಸಿರಲಿಲ್ಲ.

ಸಿನಿಮಾದವರು ನಮ್ಮ ಮನೆಗೆ ಬಂದದ್ದು ಮನೆಯ ಕಂಬಗಳನ್ನು ನೋಡಿ. ಮನೆ ಬಿಟ್ಟುಕೊಟ್ಟ ಅಪ್ಪನಿಗೆ ಒಂದು ಪಾತ್ರ ಕೊಟ್ಟರು. ಊರ ಮುಖಂಡನಾಗಿ ಕುರ್ಚಿಯ ಮೇಲೆ ಕೂತು "ತೀರ್ಪು ನಾಳೆ" ಎನ್ನಬೇಕಿತ್ತು. ಚೆನ್ನಾಗಿಯೇ ಅಂದ, ಅದು ಅವನ ನಿತ್ಯದ ಕಸುಬಾಗಿತ್ತು. ಆಮೇಲೆ ಅಲ್ಲೊಂದು ಇಲ್ಲೊಂದು ಪಾತ್ರ ಬರತೊಡಗಿತು. ನ್ಯಾಯಾಧೀಶ, ದೇವಸ್ಥಾನದ ಧರ್ಮದರ್ಶಿ, ನಾಯಕಿಯ ಅಜ್ಜ. ಯಾವುದರಲ್ಲೂ ಅಪ್ಪ ಎದ್ದು ನಿಂತವನಲ್ಲ, ಎಲ್ಲ ಕೂತ ಪಾತ್ರಗಳೇ. ಹೊಸದುರ್ಗದ ಟಾಕೀಸಿನಲ್ಲಿ ಅವನು ಪರದೆಯ ಮೇಲೆ ಬಂದರೆ ತಿಪ್ಪೇಶಿಯ ಗುಂಪು ಸಿಳ್ಳೆ ಹೊಡೆಯುತ್ತಿತ್ತು. ಹೊಡೆದು ಮುಗಿಸುವಷ್ಟರಲ್ಲಿ ಅಪ್ಪ ಹೋಗಿಬಿಟ್ಟಿರುತ್ತಿದ್ದ. ಮನೆಯಲ್ಲಿ ಮಾತ್ರ ಅವನು ಕಲಾವಿದನಾದ. ನಾವು ತಟ್ಟೆ ಇಟ್ಟರೆ ಅದನ್ನು ಸುಮ್ಮನೆ ನೋಡುತ್ತಿದ್ದ, ನೋಟದಲ್ಲೇ ಏನೋ ಹೇಳಬೇಕಂತೆ. ನಮಗೆ ಉಪ್ಪು ಬೇಕಿದೆಯೋ ಸಿಟ್ಟು ಬಂದಿದೆಯೋ ತಿಳಿಯುತ್ತಿರಲಿಲ್ಲ.

ನಾನು ಮಾಧ್ಯಮಿಕ ಶಾಲೆಗೆ ಹೋಗುತ್ತಿದ್ದ ಕಾಲದಲ್ಲಿ ಒಂದು ದೊಡ್ಡ ಪಾತ್ರ ಬಂತು. ಅದರಲ್ಲಿ ಅಪ್ಪ ಊರಿನ ಹಿತಕ್ಕಾಗಿ ಪ್ರಾಣ ಬಿಡಬೇಕಿತ್ತು. ಊರಿನ ಹಿತಕ್ಕಾಗಿ ಒಂದು ಬೀದಿದೀಪ ಹಾಕಿಸದ ಅಪ್ಪ ಪ್ರಾಣ ಬಿಡಲು ತಕ್ಷಣ ಒಪ್ಪಿದ. ಸಾವಿನ ದೃಶ್ಯವನ್ನು ನಮ್ಮ ಮನೆಯಲ್ಲೇ ತೆಗೆಯಬೇಕೆಂದು ಅವನೇ ಹಠ ಹಿಡಿದ. ಬರುವ ಚುನಾವಣೆಗೆ ಟಿಕೆಟ್ಟಿನ ಆಸೆಯಿತ್ತು, ತನ್ನ ಸಾವಿಗೆ ಎಷ್ಟು ಜನ ಸೇರುತ್ತಾರೆಂದು ಅವನಿಗೆ ತಿಳಿಯಬೇಕಿತ್ತೆಂದು ಈಗ ನನಗೆ ಅನಿಸುತ್ತದೆ. ಡೈರೆಕ್ಟರು ಬೆಂಗಳೂರಿನವನು, ಚಟ್ಟ ತರಿಸಿದ್ದ. ಅಪ್ಪ ಅದನ್ನು ನೋಡಿ ಕೆರಳಿದ.

"ಏನಪ್ಪ, ನಮ್ಮ ಕಡೆ ಸತ್ತೋರನ್ನ ಮಲಗಿಸಲ್ಲ, ಕುಂದ್ರಿಸ್ತೀವಿ. ಮಲಗಿಸಿದ್ರೆ ನಮ್ಮ ಜನ ಒಪ್ಪಲ್ಲ."

ಆ ಮಾತು ನಿಜ. ನಮ್ಮವರಲ್ಲಿ ಹೆಣಕ್ಕೆ ಸ್ನಾನ ಮಾಡಿಸಿ, ವಿಭೂತಿ ಬಳಿದು, ಜಗಲಿಯ ಮೇಲೆ ಗೋಡೆಗೆ ಒರಗಿಸಿ ಕೂರಿಸುತ್ತಾರೆ. ತಲೆ ವಾಲದಂತೆ ಗದ್ದಕ್ಕೊಂದು ಬಟ್ಟೆ ಕಟ್ಟುತ್ತಾರೆ. ಹೀಗೆ ಅಪ್ಪನಿಗೆ ಸತ್ತ ಮೇಲೂ ಕೂರುವ ಪಾತ್ರವೇ ಸಿಕ್ಕಿತು.

ಬೆಳಗ್ಗೆಯೇ ಅವನನ್ನು ಕೂರಿಸಿದರು. ತಮಟೆಯವರನ್ನೂ ಭಜನೆಯವರನ್ನೂ ತಿಪ್ಪೇಶಿ ಊರಿನಿಂದಲೇ ಕರೆತಂದಿದ್ದ, ಅವರು ನಿಜದ ಸಾವಿಗೆ ಬಾರಿಸುವವರು. ನಮ್ಮ ಮನೆ ಇರುವುದು ಬಸ್ಸಿನ ದಾರಿಯಲ್ಲಿ. ಕ್ಯಾಮೆರಾ ಇದ್ದದ್ದು ಹುಣಸೆಮರದ ಹಿಂದೆ, ರಸ್ತೆಗೆ ಕಾಣುತ್ತಿರಲಿಲ್ಲ. ಹೊಸದುರ್ಗದಿಂದ ಬಂದ ಬಸ್ಸು ಮನೆಯ ಮುಂದೆ ಹಾದಾಗ ಕಿಟಕಿಯಲ್ಲಿದ್ದವರಿಗೆ ಕಂಡದ್ದು ಇಷ್ಟೇ, ಜಗಲಿಯ ಮೇಲೆ ವಿಭೂತಿ ಬಳಿದುಕೊಂಡು ಗದ್ದಕ್ಕೆ ಬಟ್ಟೆ ಕಟ್ಟಿಸಿಕೊಂಡು ಕೂತ ಅಧ್ಯಕ್ಷರು. ಮಲಗಿಸಿದ್ದರೆ ಯಾರೂ ತಿರುಗಿ ನೋಡುತ್ತಿರಲಿಲ್ಲ. ಬಸ್ಸು ನಿಂತಿತು. ಅರ್ಧ ಬಸ್ಸು ಇಳಿದು ನಮ್ಮ ಅಂಗಳಕ್ಕೆ ಬಂತು, ಇನ್ನರ್ಧ ಸುದ್ದಿ ಹೊತ್ತು ಮುಂದಿನ ಊರುಗಳಿಗೆ ಹೋಯಿತು. ಮಧ್ಯಾಹ್ನದ ಹೊತ್ತಿಗೆ ಬಿ.ದುರ್ಗದಿಂದ ಟ್ರ್ಯಾಕ್ಟರು ತುಂಬ ಜನ, ಹೊಳಲ್ಕೆರೆಯಿಂದ ಜೀಪು, ಎಲ್ಲರ ಕೈಯಲ್ಲೂ ಹಾರ.

ಯಾರಾದರೂ ಹೇಳಬಹುದಿತ್ತು, ಇದು ಶೂಟಿಂಗು ಎಂದು. ತಿಪ್ಪೇಶಿ ಹೇಳಲು ಬಾಯಿ ತೆರೆದ. ಅಪ್ಪ ಕೂತಲ್ಲಿಂದಲೇ, ಕಣ್ಣು ಮುಚ್ಚಿಕೊಂಡೇ, ಹಲ್ಲು ಕಚ್ಚಿ ಹೇಳಿದ್ದನ್ನು ಕಂಬದ ಹಿಂದೆ ನಿಂತಿದ್ದ ನಾನೇ ಕೇಳಿದೆ.

"ಸುಮ್ಕಿರಲೇ. ಬರ್ಲಿ ಬಿಡು. ಯಾರ್ಯಾರು ಬರ್ತಾರೆ ನೋಡಾಣ."

ಜನ ಬಂದು ಅಳುತ್ತಿದ್ದರು, ಅಪ್ಪ ಒಂದು ಕಣ್ಣನ್ನು ಕೂದಲೆಳೆಯಷ್ಟು ತೆರೆದು ಮುಚ್ಚುತ್ತಿದ್ದ. ಟಿಕೆಟ್ಟಿಗೆ ಅವನ ಜೊತೆ ಪೈಪೋಟಿಗಿಳಿದಿದ್ದ ಮುಖಂಡನೂ ಬಂದ. ಅವನ ಮುಖದಲ್ಲಿ ಎಂಥ ನೆಮ್ಮದಿಯಿತ್ತೆಂದರೆ, ಹೆಣಕ್ಕೆ ಹಾರ ಹಾಕುವಾಗ ಅದರ ಕೆನ್ನೆಯನ್ನು ಪ್ರೀತಿಯಿಂದ ಸವರಿದ. ಡೈರೆಕ್ಟರು ಮರದ ಹಿಂದೆ ಕುಣಿದಾಡುತ್ತಿದ್ದ. ಇಷ್ಟು ಜನ ಅವನ ಕನಸಿನಲ್ಲೂ ಇರಲಿಲ್ಲ.

ಆಗ ಬಾಗೂರಿನಿಂದ ನಮ್ಮ ಸೋದರಮಾವ ಬಂದರು. ಅವ್ವನ ಅಣ್ಣ, ಅಪ್ಪನಿಗಿಂತ ಹಿರಿಯರು, ಕುರಿ ಸಾಕಿಕೊಂಡಿದ್ದ ಮಾತು ಕಡಿಮೆಯ ಮನುಷ್ಯ. ಗಂಡ ಸತ್ತಾಗ ತವರಿನವರು ಹೆಣ್ಣುಮಗಳಿಗೆ ಒಂದು ಸೀರೆ ತರಬೇಕು, ಅದು ನಮ್ಮ ಪದ್ಧತಿ. ಸುದ್ದಿ ಕೇಳಿದವರು ಅಂಗಡಿ ಬಾಗಿಲು ತೆರೆಸಿ ಮಾಸಲು ಬಿಳಿಯದೊಂದು ಸೀರೆ ಕೊಂಡು, ಸಿಕ್ಕ ಲಾರಿ ಹತ್ತಿ ಬಂದಿದ್ದರು. ಸೀರೆಯನ್ನು ಕಂಕುಳಲ್ಲಿ ಒತ್ತಿ ಹಿಡಿದಿದ್ದರು. ಜಗಲಿಯ ಮುಂದೆ ಬಂದವರೇ ಕುಸಿದರು.

"ಅಯ್ಯೋ ನನ್ನಪ್ಪ, ನನ್ನ ತಂಗೀನ ಯಾರ ಕೈಗೆ ಕೊಟ್ಟು ಹೋದ್ಯೋ! ನಾನು ಹೋಗಬೇಕಿತ್ತಲ್ಲೋ!"

ಅಪ್ಪನ ಪಾದಗಳನ್ನು ತಬ್ಬಿ ಹಣೆ ಚಚ್ಚಿಕೊಂಡರು. ಆ ಪಾದಗಳಾದರೂ ಬೆಚ್ಚಗಿದ್ದವಲ್ಲ, ಅಷ್ಟು ದುಃಖದಲ್ಲಿ ಅವರಿಗೆ ಅದು ತಿಳಿಯಲಿಲ್ಲ. ಅಪ್ಪನಿಗೆ ಎಲ್ಲವೂ ತಿಳಿಯುತ್ತಿತ್ತು. ಒಂದು ಮಾತು ಸಾಕಿತ್ತು, "ಭಾವ, ಏಳ್ರಿ" ಎಂದು. ಅವನು ಏನು ಮಾಡಿದನೆಂದರೆ, ತೊಡೆಯ ಮೇಲಿದ್ದ ಕೈಯ ಒಂದು ಬೆರಳನ್ನು ಮೆಲ್ಲಗೆ ಎತ್ತಿ ಹುಣಸೆಮರದ ಕಡೆಗೆ ಆಡಿಸಿದ. ಇವನನ್ನು ತೆಗಿ ಎಂದು. ಕ್ಯಾಮೆರಾ ಮಾವನ ಮುಖದ ಕಡೆ ತಿರುಗಿತು. ಅವ್ವ ಬಾಗಿಲಲ್ಲಿ ನಿಂತಿದ್ದಳು. ಅಣ್ಣ ಅಳುವುದನ್ನೂ ನೋಡಿದಳು, ಆ ಬೆರಳನ್ನೂ ನೋಡಿದಳು. ಓಡಿಹೋಗಿ ಅಣ್ಣನ ರಟ್ಟೆ ಹಿಡಿದು ಎಬ್ಬಿಸಿ ಹೇಳಿದಳು.

"ಅಣ್ಣ, ಏಳು. ಸತ್ತಿಲ್ಲ ಅವ್ರು. ಸಿನಿಮಾಕ್ಕೆ ಕುಂತವ್ರೆ."

ಮಾವ ಅವಳ ಮುಖವನ್ನೇ ನೋಡಿದರು. ಆಮೇಲೆ ಸುತ್ತ ನೋಡಿದರು. ತಿಪ್ಪೇಶಿಯ ಗುಂಪಿನಲ್ಲಿ ಯಾರೋ ಕಿಸಕ್ಕೆಂದರು. ಅಳುವ ಮನುಷ್ಯ ನಾಚಿಕೆಪಡುವುದನ್ನು ನಾನು ಮೊದಲ ಸಲ ನೋಡಿದ್ದು ಅಲ್ಲೇ. ಆ ದಿನದಿಂದ ನನಗೊಂದು ಕೆಟ್ಟ ಚಾಳಿ ಅಂಟಿದೆ. ಯಾರಾದರೂ ಅತ್ತರೆ ನಾನು ಮೊದಲು ಅತ್ತಿತ್ತ ನೋಡುತ್ತೇನೆ, ಯಾರಿಗಾಗಿ ಅಳುತ್ತಿದ್ದಾರೆ ಎಂದು. ನನ್ನ ಸ್ವಂತದವರು ಸತ್ತಾಗಲೂ ಹಾಗೇ ಆಗಿದೆ. ಇದನ್ನು ಅಪ್ಪ ನನಗೆ ಕೊಟ್ಟ ಆಸ್ತಿ ಎಂದೇ ತಿಳಿದಿದ್ದೇನೆ.

ಅವ್ವನ ಮಾತು ಅಂಗಳವೆಲ್ಲ ಹರಡಿ, ಅಳಲು ಬಂದವರು ಶೂಟಿಂಗು ನೋಡಲು ನಿಂತರು. ಅಷ್ಟಕ್ಕೇ ಮುಗಿದಿದ್ದರೆ ಹೇಗೋ ಆಗುತ್ತಿತ್ತು. ಅಪ್ಪನ ಹೆಂಡತಿಯ ಪಾತ್ರಕ್ಕೆ ಬರಬೇಕಿದ್ದ ನಟಿಯ ಕಾರು ಹಿರಿಯೂರಿನ ಹತ್ತಿರ ಕೆಟ್ಟು ನಿಂತಿತ್ತು. ಹೊತ್ತು ಇಳಿಯುತ್ತಿತ್ತು, ಇಂಥ ಜನಜಾತ್ರೆ ಮತ್ತೆ ಸಿಗುವುದಿಲ್ಲ. ಡೈರೆಕ್ಟರಿಗೆ ಬೇಕಾದದ್ದು ಹೆಣದ ಮುಂದೆ ಕೂತ ಒಬ್ಬ ಹೆಂಗಸಿನ ಬೆನ್ನು, ಕುಂಕುಮ ಒರೆಸಿಕೊಳ್ಳುವ ಕೈ. ಅಪ್ಪನ ಕಿವಿಯ ಹತ್ತಿರ ಬಗ್ಗಿ ಕೇಳಿದ. ಹೆಣ ಉತ್ತರ ಕೊಟ್ಟಿತು.

"ನಮ್ಮನೆಯೋಳೇ ಕುಂತ್ಕಂತಾಳೆ ಬಿಡ್ರಿ. ಮುಖ ಕಾಣಲ್ಲ ತಾನೆ?"

ಸೇರಿದ್ದ ಹೆಂಗಸರಲ್ಲಿ ಗದ್ದಲ ಎದ್ದಿತು. ಒಬ್ಬ ಮುದುಕಿ ಮುಂದೆ ಬಂದು, ಮುತ್ತೈದೆ ಕೈಲಿ ಇಂಥ ಕೆಲಸ ಮಾಡಿಸಬಾರದು, ನಿನಗೇ ಒಳ್ಳೆಯದಲ್ಲ ಎಂದು ಅಪ್ಪನಿಗೆ ಬೈದಳು. ಅವಳಿಗೆ ಅಪ್ಪನ ಆಯಸ್ಸಿನ ಚಿಂತೆ. ಅವ್ವನ ಹಣೆಯ ಚಿಂತೆ ಅಲ್ಲಿ ಯಾರಿಗೂ ಇರಲಿಲ್ಲ. ಅವ್ವ ಬಾಗಿಲು ಬಿಟ್ಟು ಕದಲಲಿಲ್ಲ.

"ನಾನು ಬರಲ್ಲ. ಬ್ಯಾರೆ ಯಾರನ್ನಾದ್ರೂ ಕೂರಿಸ್ಕಳ್ರಿ."

"ಲೇ, ನಟನೆ ಕಣೇ ಅದು. ಒರೆಸ್ಕಂಡು ಒಳಗೋಗಿ ಮತ್ತೆ ಇಟ್ಕಳಾಕೆ ಎಷ್ಟೊತ್ತು? ಬಾರೇ, ಬೆಳಕು ಹೋಗ್ತೈತೆ."

ಬೆಳಕು ಹೋಗುತ್ತದೆ ಎನ್ನುವ ಮಾತನ್ನು ಅವನು ಸಿನಿಮಾದವರಿಂದ ಕಲಿತಿದ್ದ. ಅವ್ವ ಅಣ್ಣನ ಕಡೆ ನೋಡಿದಳು. ಮಾವ ಸೀರೆಯನ್ನು ಮಡಿಲಲ್ಲಿ ಬಚ್ಚಿಟ್ಟುಕೊಂಡು ಗೋಡೆಯ ಬದಿಗೆ ಕೂತಿದ್ದರು. ಅವಳು ಬಂದು ಜಗಲಿಯ ಮುಂದೆ ಕೂತಳು. ಡೈರೆಕ್ಟರು ಕೂಗಿದ. ಅವ್ವ ಬಲಗೈ ಎತ್ತಿ, ಬೆಳಗ್ಗೆ ಅಂಚು ಕೂಡಿಸಿ ಇಟ್ಟಿದ್ದ ಕುಂಕುಮವನ್ನು ಅಂಗೈಯಿಂದ ಒಂದೇ ಸಲಕ್ಕೆ ಎಳೆದಳು. ಮೇಣ ಸಹಿತ ಬಂತು. ಬಳೆಗಳನ್ನು ಜಗಲಿಯ ಕಲ್ಲಿಗೆ ಬಡಿದಳು, ಅದನ್ನು ಮಾಡೆಂದು ಯಾರೂ ಹೇಳಿರಲಿಲ್ಲ. ತಮಟೆ ನಿಂತಿತು. ಡೈರೆಕ್ಟರು ಕಟ್ ಎಂದ, ಜನ ಚಪ್ಪಾಳೆ ತಟ್ಟಿದರು. ಅಪ್ಪ ಕಣ್ಣು ತೆರೆದು ಮೊದಲು ಕೇಳಿದ್ದು, "ನಂದು ಹೆಂಗ್ ಬಂತು?"

ಅವ್ವ ಎದ್ದು ನೇರ ಅಣ್ಣನ ಹತ್ತಿರ ಹೋದಳು.

"ಆ ಸೀರೆ ಕೊಡಣ್ಣ."

"ಬ್ಯಾಡ ಕಣವ್ವ, ಅಪಶಕುನ. ದಾರೀಲಿ ಎಲ್ಲಾದ್ರೂ ಬಿಸಾಕ್ತೀನಿ."

"ನನಗೇ ಅಂತ ತಂದಿದ್ದಲ್ವಾ? ಕೊಡು."

ಮಾವ ಕೊಟ್ಟರು. ಟೀ ಕೂಡ ಕುಡಿಯದೆ ಹೊರಟುಹೋದರು, ಮತ್ತೆ ನಮ್ಮ ಮನೆಯ ಮೆಟ್ಟಿಲು ಹತ್ತಲಿಲ್ಲ. ಸಿನಿಮಾ ಬಂದಾಗ ಎಲ್ಲರೂ ಹೊಗಳಿದ್ದು ಅವರನ್ನೇ. ಯಾರು ಆ ಮುದುಕ, ಎಷ್ಟು ಸಹಜವಾಗಿ ಅಳುತ್ತಾನೆ ಎಂದು ಹೊಸದುರ್ಗದ ಟಾಕೀಸಿನ ತುಂಬ ಮಾತು. ಅಪ್ಪನಿಗೆ ಅದರಿಂದ ಸ್ವಲ್ಪ ಬೇಜಾರೇ ಆಯಿತು.

ಮಾರನೆಯ ಬೆಳಗ್ಗೆ ಅವ್ವ ಎಂದಿನಂತೆ ಕಂಬದ ಕನ್ನಡಿಯ ಮುಂದೆ ನಿಂತಳು. ತನ್ನ ಬರಿಯ ಹಣೆಯನ್ನು ನೋಡಿಕೊಂಡಳು. ಮೇಣದ ಡಬ್ಬಿ ಮುಟ್ಟದೆ ಹೋಗಿ ಒಲೆ ಹಚ್ಚಿದಳು. ಅದರ ಮಾರನೆಯ ದಿನವೂ ಹಾಗೇ. ಸಾರಿಗೆ ಉಪ್ಪು ಕಡಿಮೆಯಾದರೆ ಪಡಸಾಲೆಯಿಂದಲೇ ಹೇಳುತ್ತಿದ್ದ ಅಪ್ಪನಿಗೆ ಹೆಂಡತಿಯ ಹಣೆ ಖಾಲಿಯಾಗಿರುವುದು ಎಷ್ಟೋ ದಿನ ಕಾಣಲೇ ಇಲ್ಲ. ಅವನು ಬೇರೆ ಕೆಲಸದಲ್ಲಿದ್ದ. ತನ್ನ ಸಾವಿಗೆ ಯಾರು ಬಂದರು, ಯಾರು ಬರಲಿಲ್ಲ, ಯಾರು ಬಂದೂ ಅಳಲಿಲ್ಲ ಎಂದು ನೆನಪು ಮಾಡಿಕೊಂಡು ತಿಪ್ಪೇಶಿಯ ಜೊತೆ ಚರ್ಚೆ ನಡೆಸುತ್ತಿದ್ದ. ಅಳದವರು ಬಾಗಿಲಿಗೆ ಬಂದರೆ ಟೀ ಬರುತ್ತಿರಲಿಲ್ಲ. ಕೊನೆಗೆ ಹಣೆಯನ್ನು ಗಮನಿಸಿದವನೂ ತಿಪ್ಪೇಶಿಯೇ.

"ಅಧ್ಯಕ್ಷರೇ, ಅಮ್ಮಾರು ಕುಂಕುಮ ಇಟ್ಕಂತಿಲ್ಲ. ಜನ ಮಾತಾಡ್ತಾವ್ರೆ."

ಅಪ್ಪ ನನ್ನನ್ನು ಕರೆದು, ಹೋಗಿ ನಿಮ್ಮವ್ವನಿಗೆ ಹೇಳು ಎಂದ. ನಾನು ಹೋಗಿ ಹೇಳಿದೆ. ಅವ್ವ ಮುದ್ದೆ ತಿರುವುತ್ತಿದ್ದಳು, ಕೋಲು ನಿಲ್ಲಿಸಲಿಲ್ಲ.

"ಒರೆಸು ಅಂದ್ರು, ಒರೆಸ್ದೆ. ನಾಕು ಜನದ ಮುಂದೆ ಕಳೆದಿದ್ದನ್ನ ಕಂಬದ ಮರೆಯಾಗೆ ನಿಂತು ಇಟ್ಕಳಾಕೆ ನಂಗೆ ಬರಲ್ಲ ಅಂತ ಹೇಳು."

ಟಿಕೆಟ್ಟು ಬಂತು. ಈಗ ಅಪ್ಪನಿಗೆ ಪೇಚಾಟ. ನಾಮಪತ್ರಕ್ಕೆ ಹೊರಡುವ ದಿನ ಹೆಂಡತಿ ಆರತಿ ಎತ್ತಬೇಕು, ಹಣೆಗೆ ತಿಲಕ ಇಡಬೇಕು, ಸಾವಿರ ಜನ ನೋಡಬೇಕು. ಬೋಳು ಹಣೆಯ ಹೆಂಡತಿಯನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡರೆ ಎದುರಾಳಿಗಳು ಬಿಡುತ್ತಾರೆಯೇ? ಊರ ಹೆಂಗಸರನ್ನು ಕಳಿಸಿದ, ಬಾಗೂರಿಗೆ ಜೀಪು ಕಳಿಸಿದ, ಮಾವ ಬರಲಿಲ್ಲ. ಹಿಂದಿನ ದಿನ ಮಧ್ಯಾಹ್ನ ಅಪ್ಪ ಅಡುಗೆಮನೆಗೇ ಬಂದ. ಅವನು ಆ ಹೊಸ್ತಿಲು ದಾಟಿದ್ದನ್ನು ನಾನು ಅದೊಂದೇ ಸಲ ನೋಡಿದ್ದು. ಒಳಗೆ ಕುರ್ಚಿ ಇರಲಿಲ್ಲ, ಹಾಗಾಗಿ ನಿಂತೇ ಮಾತಾಡಬೇಕಾಯಿತು.

"ಏನು ಮಾಡಬೇಕು ಅಂತೀಯ ಈಗ?"

"ಜನದ ಮುಂದೆ ಹೋಗಿದ್ದು ಜನದ ಮುಂದೇ ಬರ್ಲಿ. ನೀವೇ ಇಡ್ರಿ, ನಿಮ್ಮ ಕೈಯಾರೆ. ನಮ್ಮಣ್ಣಂಗೂ ತಪ್ಪಾತು ಅನ್ರಿ."

ಕೇಳಿದ್ದು ಅಷ್ಟೇ. ಅಪ್ಪನ ಮುಖ ಅರಳಿತು. ಆಗಲೇ ನನಗೆ ಅನುಮಾನ ಬರಬೇಕಿತ್ತು.

ಮರುದಿನ ಅಂಗಳ ತುಂಬ ಜನ. ಅವ್ವ ಮಾವ ತಂದಿದ್ದ ಆ ಮಾಸಲು ಬಿಳಿ ಸೀರೆ ಉಟ್ಟು ಹೊರಗೆ ಬಂದಳು. ಗುಸುಗುಸು ಎದ್ದಿತು. ಅಪ್ಪ ಜಗಲಿಯ ಮೇಲೆ ನಿಂತು, ಸಿನಿಮಾದ ಗಂಟಲಿನಲ್ಲಿ ಭಾಷಣವನ್ನೇ ಮಾಡಿದ. ಹೆಣ್ಣು ಎಂದರೆ ತಾಯಿ, ಅವಳ ಮುಂದೆ ಬಾಗಲು ನನಗೆ ನಾಚಿಕೆಯಿಲ್ಲ, ಹೀಗೆ. ಬಾಗೂರಿನ ಮಾವನ ಹೆಸರು ಅದರಲ್ಲಿ ಬರಲಿಲ್ಲ. ಆದರೂ ಅವ್ವ ಕಾದಳು. ಅಪ್ಪ ಬಟ್ಟಲಿನಿಂದ ಕುಂಕುಮ ತೆಗೆದು ಅವಳ ಹಣೆಗೆ ಇಟ್ಟ. ಅವಳ ಕಣ್ಣು ತುಂಬಿತ್ತು. ನಾನು ಎದುರಿಗೇ ಇದ್ದೆ, ಆ ಗಳಿಗೆಯಲ್ಲಿ ಅವಳು ಅವನನ್ನು ಕ್ಷಮಿಸಿಬಿಟ್ಟಿದ್ದಳು. ಅಷ್ಟರಲ್ಲಿ ಮದುವೆಗಳಿಗೆ ವಿಡಿಯೊ ತೆಗೆಯುವ ಸ್ಟುಡಿಯೊದವನು, ಅಪ್ಪನೇ ಹೇಳಿ ಕರೆಸಿದ್ದವನು, ಮೆಟ್ಟಿಲ ಕೆಳಗಿನಿಂದ ಕೈ ಆಡಿಸಿದ. ಯಾರದೋ ತಲೆ ಅಡ್ಡ ಬಂದಿತ್ತಂತೆ. ಅಪ್ಪ ಅವ್ವನ ಕಿವಿಗೆ ಬಗ್ಗಿ ಹೇಳಿದ.

"ಇವ್ನಿಗೆ ಸಿಕ್ಕಿಲ್ಲಂತೆ. ಒಂದ್ಸಲ ಒರೆಸ್ಕಂಬಿಡು, ಇನ್ನೊಂದ್ಸಲ ಇಡ್ತೀನಿ."

ಅವ್ವ ಕಣ್ಣನ್ನು ಒರೆಸಿಕೊಂಡಳು. ಆಮೇಲೆ ಅದೇ ಸೆರಗಿನಿಂದ ಹಣೆಯನ್ನೂ ಒರೆಸಿಕೊಂಡಳು, ನಿಧಾನವಾಗಿ, ಒಂದು ಚೂರೂ ಉಳಿಯದಂತೆ. ಅಪ್ಪ ಮತ್ತೆ ಬೆರಳಿಗೆ ಕುಂಕುಮ ತೆಗೆದುಕೊಂಡು ಸ್ಟುಡಿಯೊದವನ ಕಡೆ ನೋಡಿ, ಆಗಲಾ ಎಂದು ಕಣ್ಣಲ್ಲೇ ಕೇಳಿದ. ತಿರುಗುವಷ್ಟರಲ್ಲಿ ಅವ್ವ ಒಳಗೆ ಹೋಗಿದ್ದಳು. ಬೆರಳನ್ನು ಎಲ್ಲಿ ಇಡಬೇಕೆಂದು ತಿಳಿಯದೆ ಅಪ್ಪ ಅದನ್ನು ತನ್ನ ಬಿಳಿ ಅಂಗಿಗೆ ಒರೆಸಿಕೊಂಡ. ಮರುದಿನದ ಪೇಪರಿನ ಫೋಟೊದಲ್ಲಿ ಅವನ ಎದೆಯ ಮೇಲೊಂದು ಗೆರೆ ಇತ್ತು. ಕಪ್ಪುಬಿಳುಪು ಫೋಟೊ, ಏನೋ ಮಸಿಯೆಂದು ಜನ ತಿಳಿದರು. ಚುನಾವಣೆಯಲ್ಲಿ ಗೆದ್ದ. ನಮ್ಮ ಜನಕ್ಕೆ ಇಂಥವರೇ ಬೇಕು.

ನನಗೆ ಚಿತ್ರದುರ್ಗದಲ್ಲಿ ಕೆಲಸ ಸಿಕ್ಕಾಗ ಅವ್ವ ಕಂಬದ ಕನ್ನಡಿಯನ್ನಷ್ಟೇ ಬಿಚ್ಚಿಕೊಂಡು ನನ್ನ ಜೊತೆ ಬಂದಳು. ತಿರುಗಿ ಹೋಗಲಿಲ್ಲ. ಅಪ್ಪ ಒಂದು ಸಲ ಗೆದ್ದು, ಆಮೇಲೆ ಸೋಲುತ್ತ ಸೋಲುತ್ತ, ನಡುನಡುವೆ ಧಾರಾವಾಹಿಗಳಲ್ಲಿ ಕೂರುತ್ತ ಅದೇ ಊರಲ್ಲಿದ್ದಾನೆ. ಇಲ್ಲಿ ನಮ್ಮ ಪಕ್ಕದ ಮನೆಗೆ ಈಚೆಗೆ ಹಿರಿಯೂರಿನಿಂದ ವರ್ಗವಾಗಿ ಒಬ್ಬ ಟೀಚರಮ್ಮ ಬಂದಿದ್ದಾರೆ. ಭಾನುವಾರ ಮಧ್ಯಾಹ್ನ ಅವ್ವನ ಜೊತೆ ಕೂತು ಟಿ.ವಿ. ನೋಡುತ್ತಾರೆ. ಮೊನ್ನೆ ಯಾವುದೋ ಹಳೆಯ ಸಿನಿಮಾ ಬರುತ್ತಿತ್ತು. ಅಪ್ಪ ನ್ಯಾಯಾಧೀಶನಾಗಿ ಕೂತಿದ್ದ.

"ಅಜ್ಜಿ, ಈ ಯಜಮಾನ್ರು ನಿಮ್ಮ ಹೊಸದುರ್ಗದ ಕಡೆಯೋರಂತಲ್ರೀ? ಏನು ಗಾಂಭೀರ್ಯ ನೋಡ್ರಿ! ನಿಮಗೆ ಗೊತ್ತಾ ಇವ್ರು?"

ಅವ್ವ ಅವರೆಕಾಯಿ ಸುಲಿಯುತ್ತಿದ್ದಳು. ಒಂದು ಗಳಿಗೆ ಟಿ.ವಿ.ಯ ಕಡೆ ನೋಡಿದಳು.

"ಗೊತ್ತು ಕಣವ್ವ, ನಮ್ಮೂರೋರೇ. ತೀರ್ಕಂಡು ಬಾಳ ವರ್ಷ ಆತು."

"ಅಯ್ಯೋ, ಹೌದಾ! ಏನಾಗಿತ್ತು?"

"ಏನೂ ಆಗಿರ್ಲಿಲ್ಲ. ಜಗಲಿ ಮ್ಯಾಲೆ ಕುಂತಿದ್ರು. ಕುಂತಂಗೇ ಹೋದ್ರು."